ಮುಂಬೈನಿಂದ ಹೋದ ಮಗು, ಮುಂಬೈಗೇ ವಾಪಸ್

2016ರ ‘ಲಯನ್’ ಸಿನಿಮಾ ನೋಡಿ ಅತ್ತವರಲ್ಲಿ ನಾನೂ ಒಬ್ಬ. ಆಸ್ಟ್ರೇಲಿಯಾಕ್ಕೆ ದತ್ತು ಹೋದ ಹುಡುಗ ಖಂಡ್ವಾಕ್ಕೆ ಬಂದು ಅಮ್ಮನನ್ನ ತಬ್ಬಿಕೊಳ್ತಾನೆ, ಕಥೆ ಅಲ್ಲಿಗೆ ಮುಗೀತು. ಅದಕ್ಕಿಂತ ಹಳೇದು 2002ರ ‘ಡಾಟರ್ ಫ್ರಮ್ ಡನಾಂಗ್’ ಡಾಕ್ಯುಮೆಂಟರಿ. ವಿಯೆಟ್ನಾಮಿನಿಂದ ಅಮೆರಿಕಕ್ಕೆ ಹೋದ ಹೆಣ್ಣುಮಗಳು ತಾಯಿಯನ್ನ ನೋಡೋಕೆ ಬರ್ತಾಳೆ. ಅಪ್ಪುಗೆ ಆದಮೇಲೂ ಕ್ಯಾಮೆರಾ ಆಫ್ ಆಗಲ್ಲ. ಮನೆಯವರು ದುಡ್ಡಿನ ಮಾತೆತ್ತಿದಾಗ ಅವಳು ಕುಸಿದುಹೋಗೋದೂ ಅದರಲ್ಲಿದೆ. ನನಗೆ ಇದೇ ಹೆಚ್ಚು ನಿಜ ಅನಿಸಿತು.

ಮುಂಬೈ ಮಕ್ಕಳ ಬಗ್ಗೆ ಇಂಥದ್ದೊಂದು ಮಾಡೋದಾದರೆ ಕ್ಯಾಮೆರಾ ಎಲ್ಲಿಡಬೇಕು? ಫೋರ್ಟಿನಲ್ಲಿರೋ ಹೈಕೋರ್ಟಿನ ಫೈಲುಗಳ ಮೇಲೆ ಅಂತೀನಿ ನಾನು. ವೀಸಾ, ಗ್ರೀನ್ ಕಾರ್ಡ್ ಅಂತ ಒದ್ದಾಡಿದ ನಮ್ಮ ಜನಕ್ಕೆ ಇದು ಬೇಗ ಅರ್ಥವಾಗುತ್ತೆ.

1989ರಲ್ಲಿ ಏಳೆಂಟು ವರ್ಷದ ಹುಡುಗಿಯೊಬ್ಬಳನ್ನ ಅಮೆರಿಕದ ದಂಪತಿ ಇಲ್ಲಿಂದ ಕರೆದೊಯ್ದರು. ಆ ಮನೆಯಲ್ಲಿ ಅವಳು ಉಳಿಯಲಿಲ್ಲ. ಒಂದಾದ ಮೇಲೊಂದು ಫಾಸ್ಟರ್ ಮನೆಗಳಲ್ಲಿ ಬೆಳೆದಳು. ಮದುವೆಯಾಯ್ತು, ಎರಡು ಮಕ್ಕಳಾದವು. ಡ್ರಗ್ಸ್ ಕೇಸಲ್ಲಿ ಶಿಕ್ಷೆಯಾಯ್ತು. ದಾಖಲೆಯ ಪ್ರಕಾರ ಆಕೆ ಅಮೆರಿಕದ ಪ್ರಜೆಯೇ ಅಲ್ಲ! 2008ರಲ್ಲಿ ಮುಂಬೈಗೆ ಗಡೀಪಾರು. ಗಂಡ, ಮಕ್ಕಳು ಅಲ್ಲೇ. ಆಮೇಲೆ ಬಾಂಬೆ ಹೈಕೋರ್ಟಿಗೆ ಹೋದಳು. ಪತ್ರಿಕೆಗಳಲ್ಲಿ ಹೆಸರು ಬಂದಿದೆ, ನಾನು ಹೇಳಲ್ಲ.

ಹೀಗಾಗೋಕೆ ದಾರಿ ಎಲ್ಲಿತ್ತು? ನಮ್ಮ ಕಡೆ ದತ್ತು ಅಂದ್ರೆ ಹೋಮ ಮಾಡಿ, ನಾಲ್ಕು ಜನರ ಮುಂದೆ ಮಗುವನ್ನ ಮಡಿಲಿಗೆ ಹಾಕೋದು. 1956ರ ದತ್ತಕ ಕಾಯ್ದೆ ಇದ್ದದ್ದು ಹಿಂದೂಗಳಿಗೆ. ಬೇರೆ ಧರ್ಮದ ವಿದೇಶಿಯರಿಗೆ ಸಿಗ್ತಿದ್ದದ್ದು 1890ರ ಗಾರ್ಡಿಯನ್ಸ್ ಅಂಡ್ ವಾರ್ಡ್ಸ್ ಕಾಯ್ದೆಯ ಪೋಷಕತ್ವ ಮಾತ್ರ. ಅಂದ್ರೆ ವಿಮಾನ ಹತ್ತುವಾಗ ಮಗು ಕಾನೂನಿನ ಕಣ್ಣಲ್ಲಿ ಇನ್ನೂ ಯಾರ ಮಗುವೂ ಆಗಿರಲಿಲ್ಲ. ದತ್ತು ಆಗಬೇಕಾದ್ದು ಅಲ್ಲಿ. ಪೌರತ್ವಕ್ಕೆ ಅಮೆರಿಕದಲ್ಲಿ ಮತ್ತೆ ಬೇರೆ ಅರ್ಜಿ.

ಈ ಸಾಗಾಟದಲ್ಲಿನ ಅಕ್ರಮಗಳ ಬಗ್ಗೆ ವಕೀಲ ಲಕ್ಷ್ಮೀಕಾಂತ ಪಾಂಡೆ 1982ರಲ್ಲಿ ಸುಪ್ರೀಂ ಕೋರ್ಟಿಗೆ ಒಂದು ಪತ್ರ ಬರೆದರು. ಆ ಪತ್ರವನ್ನೇ ರಿಟ್ ಅರ್ಜಿ ಅಂತ ತಗೊಂಡ ಕೋರ್ಟು 1984ರ ಫೆಬ್ರವರಿ 6ರಂದು ತೀರ್ಪು ಕೊಟ್ಟಿತು. ಬರೆದವರು ನ್ಯಾಯಮೂರ್ತಿ ಪಿ.ಎನ್. ಭಗವತಿ. ಮೊದಲು ಭಾರತದಲ್ಲೇ ತಂದೆತಾಯಿ ಹುಡುಕಿ, ಹೆತ್ತವಳಿಗೆ ಮರುಯೋಚನೆಗೆ ಸಮಯ ಕೊಡಿ, ಎರಡು ವರ್ಷದೊಳಗೆ ಅಲ್ಲಿ ದತ್ತು ಮುಗಿಸಿ, ಮಗು ಹೇಗಿದೆ ಅಂತ ವರದಿ ಕಳಿಸಿ. ಎಲ್ಲಾ ಸರಿಯಾಗಿಯೇ ಇತ್ತು. ಆದರೆ ಆ ಹುಡುಗಿ ಹೋಗಿದ್ದು ತೀರ್ಪು ಬಂದು ಐದು ವರ್ಷ ಆದಮೇಲೆ ಅನ್ನೋದನ್ನ ಗಮನಿಸಿ.

ಅಮೆರಿಕ 2000ದಲ್ಲಿ ಕಾನೂನು ತಂದು ಇಂಥ ಮಕ್ಕಳಿಗೆ ತಾನಾಗೇ ಪೌರತ್ವ ಕೊಟ್ಟಿತು. ಷರತ್ತು ಒಂದೇ ಮುಖ್ಯ: 2001ರ ಫೆಬ್ರವರಿ 27ಕ್ಕೆ ಹದಿನೆಂಟು ತುಂಬಿರಬಾರದು. ನಮ್ಮ ಮುಂಬೈ ಹುಡುಗಿಗೆ ಅಷ್ಟರಲ್ಲಿ ತುಂಬಿತ್ತು.

ಈಗ ಭಾರತ ಹೇಗ್ ಒಪ್ಪಂದದಲ್ಲಿದೆ, 2015ರ ಬಾಲನ್ಯಾಯ ಕಾಯ್ದೆಯಲ್ಲಿ ದತ್ತು ಆದೇಶ ಇಲ್ಲೇ ಆಗುತ್ತೆ, ಆಮೇಲೇ ವಿಮಾನ. ಹಳಬರ ಪಾಡು ಬೇರೆ. ಅವರಿಗೂ ಪೌರತ್ವ ಕೊಡಿ ಅನ್ನೋ ಮಸೂದೆ 2015ರಿಂದ ಅಮೆರಿಕದ ಕಾಂಗ್ರೆಸ್ಸಿನಲ್ಲಿ ಮತ್ತೆ ಮತ್ತೆ ಮಂಡನೆಯಾಗಿದೆ. ನ್ಯೂಜೆರ್ಸಿಯಲ್ಲೋ ಡಲ್ಲಾಸಿನಲ್ಲೋ ಕೂತು ಇದನ್ನ ಓದ್ತಿರೋರು, ನಿಮ್ಮಲ್ಲಿ ಓಟು ಇರೋರಾದ್ರೂ, ನಿಮ್ಮ ಪ್ರತಿನಿಧಿಗೆ ಒಂದು ಪತ್ರ ಬರೀಬಹುದು. ಪಾಂಡೆಯವರು ಬರೆದದ್ದೂ ಒಂದೇ.