ಮೂಕಿ ಪರದೆಯ ಮೇಲೆ ಗುಬ್ಬಿಯ ಕಳ್ಳ

ನಮ್ಮಲ್ಲಿ ಚರಿತ್ರೆ ಅಂದರೆ ರಾಜರ ಪಟ್ಟಿ. ಸಿನಿಮಾ ಚರಿತ್ರೆಯೂ ಅಷ್ಟೆ, ನಾಯಕ ನಾಯಕಿಯರ ಪಟ್ಟಿ. ನಗಿಸಿದವನಿಗೆ ಕೊನೇ ಸಾಲು. ಗುಬ್ಬಿ ವೀರಣ್ಣ ಅಂದಕೂಡಲೆ ಕಂಪನಿ, ಆನೆ ಕುದುರೆ ಹತ್ತಿಸಿದ 'ಕುರುಕ್ಷೇತ್ರ', 'ನಾಟಕರತ್ನ' ಬಿರುದು ನೆನಪಾಗುತ್ತವೆ. ಮಾತಿನಿಂದ ನಗಿಸುತ್ತಿದ್ದ ಈ ಮನುಷ್ಯ ಮಾತಿಲ್ಲದ ಸಿನಿಮಾದಲ್ಲೂ ನಟಿಸಿದ್ದರು ಅನ್ನೋದು ಎಷ್ಟು ಜನಕ್ಕೆ ಗೊತ್ತು?

ತುಮಕೂರು ಸೀಮೆಯ ಗುಬ್ಬಿಯಲ್ಲಿ 1884ರಲ್ಲಿ ಚಂದಣ್ಣ, ಅಬ್ದುಲ್ ಅಜೀಜ್ ಸಾಹೇಬರು ಮುಂತಾದ ಗೆಳೆಯರು ಸೇರಿ ನಾಟಕ ಕಂಪನಿ ಕಟ್ಟಿದರು. 1891ರಲ್ಲಿ ಹುಟ್ಟಿದ ವೀರಣ್ಣ ಎಳೆಯ ಹುಡುಗನಾಗಿದ್ದಾಗಲೇ ಅದನ್ನು ಸೇರಿದರು. ರಂಗವೇ ಅವರ ಇಸ್ಕೂಲು. 1917ರಲ್ಲಿ ಅವರೇ ಕಂಪನಿಯ ಮಾಲೀಕರಾದರು. ಆದರೂ ಜನ ಅವರನ್ನು ನೋಡಲು ಮುಗಿಬಿದ್ದದ್ದು ರಾಜನ ವೇಷಕ್ಕಲ್ಲ, 'ಸದಾರಮೆ'ಯ ಕಳ್ಳನಿಗೆ. ಸದಾರಮೆಯನ್ನು ಹೊತ್ತೊಯ್ದು ಅವಳ ಉಪಾಯಕ್ಕೆ ಬಲಿಬೀಳುವ ಕಳ್ಳ. ನೆಲದ ಮೇಲೆ ಕೂತ ಕೂಲಿಯವನೂ ಕುರ್ಚಿ ಮೇಲಿನ ಸಾಹುಕಾರನೂ ಒಂದೇ ಮಾತಿಗೆ ನಗುತ್ತಿದ್ದರು. ಆದರೆ ಇಬ್ಬರ ನಗು ಒಂದೇ ಅಲ್ಲ. ಒಬ್ಬ ಕಳ್ಳನನ್ನು ನೋಡಿ ನಗುತ್ತಾನೆ, ಇನ್ನೊಬ್ಬ ಕಳ್ಳನ ಜೊತೆ ನಗುತ್ತಾನೆ.

ಇಂಥ ವೀರಣ್ಣ ಬೆಂಗಳೂರಿನಲ್ಲಿ ಕರ್ನಾಟಕ ಪಿಕ್ಚರ್ಸ್ ಕಾರ್ಪೊರೇಷನ್ ಕಟ್ಟಿ ಮೂಕಿ ಚಿತ್ರಕ್ಕೆ ಕೈಹಾಕಿದರು. 1931ರ 'ಹಿಸ್ ಲವ್ ಅಫೇರ್'ನಲ್ಲಿ ಅವರೂ ಬಿ. ಜಯಮ್ಮನವರೂ ನಟಿಸಿದರು. ನಿರ್ದೇಶಕ ಬೆಲ್ಜಿಯಂ ದೇಶದವನು. ಮರುವರ್ಷ ವೈ.ವಿ. ರಾವ್ ನಿರ್ದೇಶನದ 'ಹರಿಮಾಯ' ಬಂತು.

ಮೌನ ಚಾಪ್ಲಿನ್ನನಿಗೆ ಒಲಿಯಿತು. ಲಂಡನ್ನಿನ ಬಡತನದಲ್ಲಿ ಹುಟ್ಟಿ ಗಂಜಿಮನೆ ಕಂಡ ಆ ಹುಡುಗನಿಗೆ ಒಂದು ನಡಿಗೆ, ಒಂದು ಬೆತ್ತ, ಹರಕು ಬೂಟು ಸಾಕಾಯಿತು. ನಮ್ಮ ಕಂಪನಿ ನಾಟಕದ ನಗು ನಾಲಿಗೆ ಮೇಲಿತ್ತು. ಎದುರಿನವನ ಮಾತು ತಿರುಗಿಸೋದು, ಕ್ಯಾಂಪು ಹಾಕಿದ ಊರಿನ ಸುದ್ದಿ ಸೇರಿಸೋದು, ಜನ 'ವನ್ಸ್ ಮೋರ್' ಅಂದರೆ ಮತ್ತೆ ಹೇಳೋದು. ಮೂಕಿ ಪರದೆ ಇದನ್ನೆಲ್ಲ ಕಿತ್ತುಕೊಂಡಿತು. ಅಲ್ಲಿ ಮಾತು ಅಕ್ಷರವಾಗಿ ಮೂಡುತ್ತಿತ್ತು. ಓದು ಬಾರದವರಿಗೆ ಪಕ್ಕದಲ್ಲಿ ನಿಂತವನೊಬ್ಬ ಕತೆ ಹೇಳಬೇಕಿತ್ತು. ಅಷ್ಟರಲ್ಲೇ, 1931ರಲ್ಲಿ, 'ಆಲಂ ಆರಾ' ಬಂದು ಸಿನಿಮಾ ಬಾಯಿಬಿಟ್ಟಿತು. ಮೂಕಿಯ ಕಾಲ ಮುಗಿಯಿತು. 1935ರಲ್ಲಿ 'ಸದಾರಮೆ' ಟಾಕಿ ಚಿತ್ರವಾದಾಗ ವೀರಣ್ಣನವರಿಗೆ ಅವರ ಮಾತು ವಾಪಸು ಸಿಕ್ಕಿತು.

ಎಲ್ಲರಿಗೂ ಹೀಗೆ ಸಿಕ್ಕಿತೇ? ಅದೇ ವರ್ಷಗಳಲ್ಲಿ ಕೊಡಗಿನ ಗಡಿಯಾಚೆ ಕೇರಳದಲ್ಲಿ ಜೆ.ಸಿ. ಡೇನಿಯಲ್ 'ವಿಗತಕುಮಾರನ್' ಎಂಬ ಮೂಕಿ ಚಿತ್ರ ತೆಗೆದರು. ನಾಯಕಿ ಪಿ.ಕೆ. ರೋಸಿ ದಲಿತ ಹೆಣ್ಣುಮಗಳು. ಪಾತ್ರ ನಾಯರ್ ಹೆಂಗಸಿನದು. ತಿರುವನಂತಪುರದಲ್ಲಿ ಚಿತ್ರ ಬಿಡುಗಡೆಯಾದಾಗ ಮೇಲ್ಜಾತಿಯವರು ಪರದೆಗೆ ಕಲ್ಲು ತೂರಿದರು. ಆಕೆ ಊರನ್ನೇ ಬಿಟ್ಟು ಓಡಬೇಕಾಯಿತು. ಒಂದು ಶಬ್ದವನ್ನೂ ಆಡದ ಪಾತ್ರಕ್ಕೆ ಈ ಶಿಕ್ಷೆ! ವೀರಣ್ಣನವರ ಬಾಯಿ ಕಟ್ಟಿದ್ದು ಯಂತ್ರ, ಯಂತ್ರ ಬದಲಾದಾಗ ಅದು ಬಿಚ್ಚಿತು. ರೋಸಿಯ ಬಾಯಿ ಕಟ್ಟಿದ್ದು ಜಾತಿ. ಅದಕ್ಕೆ ಟಾಕಿ ಬಂದರೇನು, ಕಲರ್ ಬಂದರೇನು?

ಈ ದೇಶದಲ್ಲಿ ಸಾವಿರಕ್ಕೂ ಹೆಚ್ಚು ಮೂಕಿ ಚಿತ್ರಗಳು ತಯಾರಾದವು, ಉಳಿದದ್ದು ತೀರಾ ಕಮ್ಮಿ. ಆ ಕಾಲದ ರೀಲು ಕಿಡಿ ತಾಗಿದರೆ ಭಗ್ಗೆಂದು ಉರಿಯುವಂಥದ್ದು. ಅದರಲ್ಲಿದ್ದ ಬೆಳ್ಳಿಗಾಗಿ ಸುಟ್ಟವರೂ ಉಂಟು. ವೀರಣ್ಣನವರಿಗಾದರೋ 'ಕಲೆಯೇ ಕಾಯಕ' ಎಂಬ ಆತ್ಮಕಥೆ ಇದೆ, ಬೆಂಗಳೂರಿನಲ್ಲಿ ಅವರ ಹೆಸರಿನ ರಂಗಮಂದಿರ ಇದೆ, ತೀರಿಕೊಂಡ 1972ರಲ್ಲೇ ಬಂದ ಪದ್ಮಶ್ರೀ ಇದೆ. ಅದು ಅವರ ದುಡಿಮೆಗೆ ಸಲ್ಲಬೇಕಾದದ್ದೇ. ನಮ್ಮ ತಕರಾರು ಅವರ ಮೇಲಲ್ಲ, ನೆನಪನ್ನು ಹಂಚುವ ಕೈಗಳ ಮೇಲೆ.

ನಮ್ಮ ನಾಪೋಕ್ಲು ಕಡೆಯ ಕಾಫಿ ತೋಟದ ಲೈನ್ ಮನೆಗಳಲ್ಲೂ ಸಂಜೆಹೊತ್ತು ರೈಟರನ ಗತ್ತು, ಧಣಿಯ ಕೆಮ್ಮು ಅನುಕರಿಸಿ ನಗಿಸುವವರಿದ್ದಾರೆ. ಅವರದು ಯಾವ ರೀಲಿನಲ್ಲೂ ಇಲ್ಲ, ಯಾವ ಪುಸ್ತಕದಲ್ಲೂ ಇಲ್ಲ. ಹಳ್ಳಿ ಮೇಷ್ಟ್ರುಗಳೇ, ಓದುತ್ತಿರುವ ಗೆಳೆಯರೇ, ಅವರ ಹತ್ತಿರ ಹೋಗಿ ಕೂತು ಕೇಳಿ, ಹೆಸರು ಸಮೇತ ಬರೆದಿಡಿ. ನಗಿಸುವ ಬಾಯಿ ಇದ್ದೂ ಮೂಕರೆನಿಸಿಕೊಂಡವರ ಚರಿತ್ರೆಯನ್ನು ನಾವಲ್ಲದೆ ಇನ್ಯಾರು ಬರೀತಾರೆ?