ಪರವಾನಗಿ ರದ್ದಾಗುವ ಮುನ್ನ ಒಂದು ಮಾತು

ಎರಡನೆಯ ಮಹಾಯುದ್ಧದ ಕಾಲದಲ್ಲಿ ಬಟ್ಟೆಯೂ 'ಕಂಟ್ರೋಲ್' ವಸ್ತುವಾಗಿತ್ತು. ಆಗ ಸಿಲೋನ್ ಎನಿಸಿದ್ದ ಇಂದಿನ ಶ್ರೀಲಂಕಾದಲ್ಲಿ ಪರವಾನಗಿ ಇಲ್ಲದೆ ಜವಳಿ ಮಾರುವಂತಿರಲಿಲ್ಲ. ವ್ಯಾಪಾರಿ ಯೋಗ್ಯನಲ್ಲವೆಂದು ನಂಬಲು ಸಕಾರಣಗಳಿದ್ದರೆ ಜವಳಿ ನಿಯಂತ್ರಣಾಧಿಕಾರಿ ಅವನ ಪರವಾನಗಿಯನ್ನು ರದ್ದು ಮಾಡಬಹುದೆಂದು 1945ರ ನಿಯಮಗಳು ಹೇಳಿದ್ದವು. ನಕ್ಕುಡ ಅಲಿ ಎಂಬ ಜವಳಿ ವ್ಯಾಪಾರಿಯ ಪರವಾನಗಿ ಹೀಗೆ ಹೋಯಿತು. ಆತ ಹೂಡಿದ ಮೊಕದ್ದಮೆ ಲಂಡನ್ನಿನ ಪ್ರಿವಿ ಕೌನ್ಸಿಲ್‌ವರೆಗೂ ಏರಿತು.

1950ರಲ್ಲಿ ಅಲ್ಲಿ ತೀರ್ಪು ಓದಿದವರು ಲಾರ್ಡ್ ರ‍್ಯಾಡ್‌ಕ್ಲಿಫ್. ಮೂರು ವರ್ಷ ಹಿಂದೆ ಭಾರತ, ಪಾಕಿಸ್ತಾನಗಳ ನಡುವೆ ಗೆರೆ ಎಳೆದವರೂ ಇವರೇ! ಸಕಾರಣವೆಂದರೆ ಅಧಿಕಾರಿಯ ಮನಸ್ಸಿಗೆ ತೋಚಿದ್ದಷ್ಟೇ ಅಲ್ಲ, ಅದು ನಿಜವಾಗಿ ಇರಬೇಕು ಎಂದು ತೀರ್ಪು ಹೇಳಿತು. ಇಷ್ಟು ಹೇಳಿ, ಮರುಗಳಿಗೆಯಲ್ಲೇ ಕೊಟ್ಟದ್ದನ್ನು ಕಸಿದುಕೊಂಡಿತು. ಪರವಾನಗಿ ಎಂಬುದು ಹಕ್ಕಲ್ಲ, ಸರ್ಕಾರ ಕೊಟ್ಟ ಸವಲತ್ತು. ಅದನ್ನು ಹಿಂತೆಗೆದುಕೊಳ್ಳುವ ಅಧಿಕಾರಿ ನ್ಯಾಯಾಧೀಶನಂತೆ ನಡೆದುಕೊಳ್ಳಬೇಕಾಗಿಲ್ಲ. ಆದ್ದರಿಂದ ಅವನ ಆಜ್ಞೆಯ ಮೇಲೆ ರಿಟ್ ನಡೆಯದು ಎಂದಿತು.

ಇಂಗ್ಲೆಂಡಿನ ನ್ಯಾಯಾಲಯಗಳು ಮೊದಲಿನಿಂದಲೂ ಹೀಗೆ ಯೋಚಿಸಿದ್ದವೇ? ಇಲ್ಲ. 1723ರಷ್ಟು ಹಿಂದೆ, ಕೇಂಬ್ರಿಜ್ ವಿಶ್ವವಿದ್ಯಾಲಯ ಡಾ. ಬೆಂಟ್ಲಿಯ ಪದವಿಗಳನ್ನು ಕಿತ್ತುಕೊಂಡಾಗ, ದೇವರು ಕೂಡ ಆದಮನ ಮಾತು ಕೇಳದೆ ಶಿಕ್ಷೆ ವಿಧಿಸಲಿಲ್ಲ ಎಂದು ನ್ಯಾಯಮೂರ್ತಿಯೊಬ್ಬರು ನೆನಪಿಸಿದ್ದರು. 1863ರಲ್ಲಿ, ಮುನ್ಸೂಚನೆ ಕೊಡದೆ ಮನೆ ಕಟ್ಟತೊಡಗಿದನೆಂದು ಕೂಪರ್ ಎಂಬಾತನ ಕಟ್ಟಡವನ್ನು ಲಂಡನ್ನಿನ ವಾಂಡ್ಸ್‌ವರ್ತ್ ಮಂಡಳಿ ಕೆಡವಿ ಹಾಕಿತ್ತು. ಅವನ ಮಾತು ಕೇಳಬೇಕೆಂದು ಕಾಯಿದೆಯಲ್ಲಿ ಬರೆದಿರಲಿಲ್ಲ. ಆದರೂ ಶಾಸಕರು ಬಿಟ್ಟದ್ದನ್ನು ನ್ಯಾಯ ತುಂಬಿಕೊಡುತ್ತದೆ ಎಂದು ಕೋರ್ಟು ಮಂಡಳಿಯ ವಿರುದ್ಧ ತೀರ್ಪು ನೀಡಿತು. ಮನೆಗೆ ಸಿಕ್ಕ ಈ ರಕ್ಷಣೆ ಅಂಗಡಿಯ ಪರವಾನಗಿಗೆ ಸಿಗಲಿಲ್ಲ. 1953ರಲ್ಲಿ ಲಂಡನ್ನಿನ ಟ್ಯಾಕ್ಸಿ ಚಾಲಕನೊಬ್ಬ ಇದೇ ತರ್ಕಕ್ಕೆ ಬಲಿಯಾದ. 1963ರಲ್ಲಿ, ಬ್ರೈಟನ್ನಿನ ಪೊಲೀಸ್ ಮುಖ್ಯಸ್ಥ ರಿಡ್ಜ್‌ನ ಮೊಕದ್ದಮೆಯಲ್ಲಿ ಲಾರ್ಡ್ ರೀಡ್ ನಕ್ಕುಡ ಅಲಿ ತೀರ್ಪನ್ನು ಬಿಡಿಸಿ ನೋಡಿ, ಒಪ್ಪಲಾಗದೆಂದು ಖಂಡಿಸಿದರು.

ಭಾರತದಲ್ಲಿ ದಾರಿ ಬೇರೆಯಾಯಿತು. ಇಲ್ಲಿ ವ್ಯಾಪಾರ ಮಾಡುವುದು ಸಂವಿಧಾನದ 19ನೇ ವಿಧಿ ಕೊಟ್ಟ ಹಕ್ಕು. ಯಾರ ಕೃಪೆಯೂ ಅಲ್ಲ. ಉತ್ತರ ಪ್ರದೇಶದ 1953ರ ಕಲ್ಲಿದ್ದಲು ನಿಯಂತ್ರಣ ಆಜ್ಞೆಯಂತೆ ಅಧಿಕಾರಿ ಕಾರಣ ಬರೆದಿಟ್ಟರೆ ಸಾಕಿತ್ತು, ಪರವಾನಗಿ ರದ್ದು ಮಾಡಬಹುದಿತ್ತು. ಕಾನ್ಪುರದ ಕಲ್ಲಿದ್ದಲು ವ್ಯಾಪಾರಿಗಳು ಸುಪ್ರೀಂ ಕೋರ್ಟಿಗೆ ಹೋದರು. ಬರೆದ ಕಾರಣವನ್ನು ಪರಿಶೀಲಿಸಲು ಮೇಲೆ ಯಾರೂ ಇಲ್ಲದಿದ್ದರೆ ಆ ಬರಹ ಅಧಿಕಾರಿಯ ಸ್ವಂತ ಸಮಾಧಾನಕ್ಕಷ್ಟೇ ಎಂದು 1954ರಲ್ಲಿ ನ್ಯಾಯಾಲಯ ಆ ನಿಯಮವನ್ನೇ ತಳ್ಳಿಹಾಕಿತು. ಇಲ್ಲಿ ಬಿದ್ದದ್ದು ಅಂಕೆಯಿಲ್ಲದ ಅಧಿಕಾರ. ನೋಟಿಸಿನ ಪ್ರಶ್ನೆ ಇನ್ನೂ ಹಾಗೆಯೇ ಉಳಿದಿತ್ತು.

ಅದಕ್ಕೆ ಅಡ್ಡವಿದ್ದದ್ದು 'ಇದು ಬರಿಯ ಆಡಳಿತ, ನ್ಯಾಯದಾನವಲ್ಲ' ಎಂಬ ಹಳೆಯ ಗೋಡೆ. ಅದನ್ನು 1969ರಲ್ಲಿ ಕ್ರೈಪಾಕ್ ಮೊಕದ್ದಮೆಯಲ್ಲಿ ಬಹುಮಟ್ಟಿಗೆ ಕೆಡವಿದ ತೀರ್ಪು ಬರೆದವರು ಕಾರ್ಕಳದ ಕಡೆಯ ಕೌಡೂರಿನ ಕೆ.ಎಸ್. ಹೆಗ್ಡೆ. ಹಿಂದೆ ಮೈಸೂರು ಹೈಕೋರ್ಟಿನ ನ್ಯಾಯಮೂರ್ತಿಗಳಾಗಿದ್ದ ಇವರು ಮುಂದೆ ಲೋಕಸಭೆಯ ಸ್ಪೀಕರೂ ಆದರು. ಮೊಕದ್ದಮೆ ಅರಣ್ಯ ಸೇವೆಯ ಆಯ್ಕೆಯದು. ಅಭ್ಯರ್ಥಿಯೊಬ್ಬರೇ ಆಯ್ಕೆ ಮಂಡಳಿಯಲ್ಲಿ ಕುಳಿತಿದ್ದರು. ಆದರೆ ಆಡಳಿತಾಧಿಕಾರಿಯೂ ನ್ಯಾಯವಾಗಿ ನಡೆಯಬೇಕೆಂಬ ಅದರ ಮಾತು ಅಂಗಡಿಕಾರನಿಗೂ ಒದಗಿತು.

ತುರ್ತು ಸಂದರ್ಭಗಳಲ್ಲಿ ಮೊದಲು ತಡೆದು ಆಮೇಲೆ ಕೇಳಿದರೂ ಆಗುತ್ತದೆ ಎಂಬ ವಿನಾಯಿತಿಯನ್ನು ಆಮದು ವ್ಯಾಪಾರದ ವಿಷಯದಲ್ಲಿ 1984ರ ಲಿಬರ್ಟಿ ಆಯಿಲ್ ಮಿಲ್ಸ್ ತೀರ್ಪು ಒಪ್ಪಿತು. ಆದರೆ ಕೇಳದೇ ಬಿಡುವಂತಿಲ್ಲ.

ಇನ್ನು ನೋಟಿಸಿನಲ್ಲಿ ಏನಿರಬೇಕು? 2014ರಲ್ಲಿ ದೆಹಲಿ ಸರ್ಕಾರ ಒಬ್ಬ ಗುತ್ತಿಗೆದಾರರನ್ನು ಕಪ್ಪುಪಟ್ಟಿಗೆ ಸೇರಿಸಿದ ಪ್ರಕರಣ ಸುಪ್ರೀಂ ಕೋರ್ಟಿನ ಮುಂದೆ ಬಂತು. ನೋಟಿಸಿನಲ್ಲಿ ತಪ್ಪುಗಳ ವಿವರವಿತ್ತು, ಕಪ್ಪುಪಟ್ಟಿಯ ಮಾತೇ ಇರಲಿಲ್ಲ. ಆರೋಪ ತಿಳಿಸಿದರೆ ಸಾಲದು, ಯಾವ ಕ್ರಮದ ಯೋಚನೆಯಿದೆ ಎಂಬುದೂ ನೋಟಿಸಿನಿಂದ ತಿಳಿಯಬೇಕೆಂದು ಹೇಳಿದ ನ್ಯಾಯಾಲಯ, ಕಪ್ಪುಪಟ್ಟಿಯ ಆಜ್ಞೆಯನ್ನು ರದ್ದುಪಡಿಸಿತು.