ನಪಾಸಾದವನ ಅದೃಷ್ಟ

ಕಾಲೇಜು ಜೀವನವನ್ನು ಕುರಿತ ಮೊದಮೊದಲ ನಗೆಚಿತ್ರಗಳೆಂದೊಡನೆ ಹಲವರಿಗೆ ನೆನಪಾಗುವುದು ಹೆರಾಲ್ಡ್ ಲಾಯ್ಡ್‌ನ ‘ದಿ ಫ್ರೆಷ್‌ಮನ್’ (1925). ಸಿನಿಮಾ ನೋಡಿಯೇ ಕಾಲೇಜಿನ ರೀತಿನೀತಿ ಕಲಿತು ಬಂದ ಹುಡುಗನೊಬ್ಬ ಎಲ್ಲರ ಗೇಲಿಗೆ ಗುರಿಯಾಗಿ, ಕಡೆಗೆ ಫುಟ್‌ಬಾಲ್ ಪಂದ್ಯ ಗೆದ್ದು ವೀರನೆನಿಸುತ್ತಾನೆ. ನಕ್ಕು ಎದ್ದು ಬರಬಹುದಾದ ಚಿತ್ರ. ಆದರೆ ಜಪಾನಿನ ಯಾಸುಜಿರೊ ಒಜು 1930ರಲ್ಲಿ ತೆಗೆದ ‘ನಪಾಸಾದೆ, ಆದರೆ...’ ಎಂಬರ್ಥದ ಹೆಸರಿನ ಮೂಕಿಚಿತ್ರ ನನ್ನನ್ನು ಇಂದಿಗೂ ಬಿಟ್ಟಿಲ್ಲ.

ಪರೀಕ್ಷೆಯ ಹಿಂದಿನ ರಾತ್ರಿ ವಿದ್ಯಾರ್ಥಿಯೊಬ್ಬ ತನ್ನ ಬಿಳಿಯ ಅಂಗಿಯ ಮೇಲೆ ಉತ್ತರಗಳನ್ನು ಬರೆದಿಡುತ್ತಾನೆ. ಕೊಳೆಯಾಗಿದೆಯೆಂದು ಅದು ಬೆಳಗಾಗುವಷ್ಟರಲ್ಲಿ ಮಡಿವಾಳನ ಪಾಲಾಗುತ್ತದೆ! ದಶಕಗಳ ಕಾಲ ಪರೀಕ್ಷಾ ಕೊಠಡಿಗಳಲ್ಲಿ ಮೇಲ್ವಿಚಾರಣೆ ಮಾಡಿದ ನಾನು ಕರವಸ್ತ್ರ, ಕಂಪಾಸು ಪೆಟ್ಟಿಗೆ, ಅಂಗೈ ಎಲ್ಲವನ್ನೂ ಕಂಡಿದ್ದೇನೆ. ಇಡೀ ಅಂಗಿಯನ್ನೇ ಉತ್ತರಪತ್ರಿಕೆ ಮಾಡಿದವನನ್ನು ಮಾತ್ರ ಕಂಡಿಲ್ಲ.

ಈ ನಗೆಯ ಹಿಂದೆ ಕಹಿಯಾದ ಕಾಲವೊಂದಿತ್ತು. 1927ರ ಬ್ಯಾಂಕುಗಳ ಕುಸಿತ, ಬೆನ್ನಿಗೇ 1929ರ ಜಾಗತಿಕ ಮುಗ್ಗಟ್ಟು. ಜಪಾನಿನಲ್ಲಿ ಪದವೀಧರರಿಗೂ ಕೆಲಸವಿರಲಿಲ್ಲ. 1929ರಲ್ಲೇ ಒಜು ‘ಪದವಿ ಪಡೆದೆ, ಆದರೆ...’ ಎಂಬ ಚಿತ್ರ ತೆಗೆದಿದ್ದರು. ಅದರ ನಾಯಕ ತಾಯಿಗೆ ನಿಜ ಹೇಳಲಾರದೆ, ನೌಕರಿಗೆ ಹೊರಟವನಂತೆ ದಿನವೂ ಮನೆ ಬಿಡುತ್ತಾನೆ. ಅವನ ಕೋಣೆಯ ಗೋಡೆಯ ಮೇಲೆ ನಗುತ್ತಿರುವುದು ಅದೇ ಹೆರಾಲ್ಡ್ ಲಾಯ್ಡ್‌ನ ಇನ್ನೊಂದು ಚಿತ್ರದ ಭಿತ್ತಿಪತ್ರ. ಈ ಚಿತ್ರದ ಹತ್ತು ಹನ್ನೆರಡು ನಿಮಿಷಗಳಷ್ಟು ಭಾಗ ಮಾತ್ರ ಉಳಿದಿದೆಯೆಂಬುದು ದುಃಖದ ಸಂಗತಿ.

ಒಜು ಕಾಲೇಜಿನ ಮೆಟ್ಟಿಲು ಹತ್ತಿದವರಲ್ಲ. ಪ್ರವೇಶ ಪರೀಕ್ಷೆಗಳಲ್ಲಿ ನಪಾಸಾದರು. ಅವುಗಳಲ್ಲಿ ಒಂದು ಶಿಕ್ಷಕರ ತರಬೇತಿ ಶಾಲೆಯದು! ಆಮೇಲೆ ಗುಡ್ಡಗಾಡಿನ ಹಳ್ಳಿಯೊಂದರಲ್ಲಿ ಬದಲಿ ಉಪಾಧ್ಯಾಯರಾಗಿದ್ದು, 1923ರಲ್ಲಿ ಷೋಚಿಕು ಸಂಸ್ಥೆಯನ್ನು ಸೇರಿದರು. ನಪಾಸಾದವನನ್ನು ಅವರು ಒಮ್ಮೆಯೂ ಹೀನವಾಗಿ ಕಾಣದಿರುವುದಕ್ಕೆ ಇದೂ ಕಾರಣವಿರಬೇಕು ಎಂಬುದು ನನ್ನ ಊಹೆ.

ನಕಲು ಮಾಡಹೊರಟವನಿಗೆ ತಕ್ಕ ಶಾಸ್ತಿಯಾಗಬೇಕೆಂದು ನನ್ನೊಳಗಿನ ಮೇಷ್ಟ್ರು ಕಾಯುತ್ತಿದ್ದುದು ನಿಜ. ಆಗುವುದೇ ಬೇರೆ. ಪಾಸಾದ ಗೆಳೆಯರು ಕೆಲಸವಿಲ್ಲದೆ ಬಾಡಿಗೆ ಕೋಣೆಯಲ್ಲಿ ಕುಳಿತು, ಇಷ್ಟು ಅವಸರದಲ್ಲಿ ಏಕಾದರೂ ಪಾಸಾದೆವೋ ಎಂದು ಪೇಚಾಡುತ್ತಾರೆ. ನಪಾಸಾದವನಿಗೆ ಇನ್ನೂ ಒಂದು ವರ್ಷ ಉದ್ಯೋಗದ ಚಿಂತೆಯಿಲ್ಲ. ಅವನು ಮತ್ತೆ ಕಾಲೇಜಿನ ಮೈದಾನದಲ್ಲಿ, ಆಟಗಾರರನ್ನು ಹುರಿದುಂಬಿಸುವ ಹುಡುಗರ ನಡುವೆ ಕೈಬೀಸಿ ಕುಣಿಯುತ್ತಿರುತ್ತಾನೆ.